ಮೂವತ್ತನೆಯ ನಂಬರಿನ ಮನೆ

ನನ್ನ ಬಾಲ್ಯದಲ್ಲಿ, ನಮ್ಮ ನಡುಮನೆಯ ಗ್ರಾಮಫೋನಿಗೆ ಏರುತ್ತಿದ್ದ ಪ್ರತಿಯೊಂದು ತಟ್ಟೆಯ ನಡುವೆಯೂ ಒಂದು ನಾಯಿ ಕುಳಿತಿರುತ್ತಿತ್ತು. ತುತ್ತೂರಿಯ ಬಾಯಿಗೆ ಮೂತಿಯೊಡ್ಡಿ, ತಲೆಯನ್ನು ತುಸು ಓರೆಮಾಡಿ, ಯಜಮಾನನ ದನಿಯನ್ನು ಆಲಿಸುತ್ತಿದ್ದ ಆ ಪ್ರಾಣಿಯನ್ನು ಹಳೆಯ ತಲೆಮಾರಿನ ಓದುಗರು ಮರೆತಿರಲಾರರು. ತಟ್ಟೆ ತಿರುಗತೊಡಗಿದರೆ ನಾಯಿಯೂ ತಿರುಗುತ್ತಿತ್ತು. "ಪಾಪ, ಅದಕ್ಕೆ ತಲೆ ಸುತ್ತುವುದಿಲ್ಲವೇ ಅಜ್ಜಿ?" ಎಂದು ನಾನು ಕೇಳಿದ್ದುಂಟು.

ಅದೇ ನಾಯಿಯ ನಂಟು ಇಷ್ಟು ವರ್ಷಗಳ ಮೇಲೆ ನ್ಯೂಯಾರ್ಕ್ ನಗರದಲ್ಲಿ ಎದುರಾದೀತೆಂದು ನಾನು ಎಣಿಸಿರಲಿಲ್ಲ. ಅಮೆರಿಕದಲ್ಲಿ ಆ ಚಿತ್ರದ ಹಕ್ಕು ವಿಕ್ಟರ್ ಎಂಬ ಕಂಪನಿಯದಾಗಿತ್ತು. 1929ರಲ್ಲಿ ಆ ಕಂಪನಿಯನ್ನು ಕೊಂಡುಕೊಂಡದ್ದು ರೇಡಿಯೋ ಕಾರ್ಪೊರೇಷನ್ ಆಫ್ ಅಮೆರಿಕ, ಅರ್ಥಾತ್ ಆರ್.ಸಿ.ಎ. ಎಂಬ ಸಂಸ್ಥೆ. ಆ ಸಂಸ್ಥೆಯ ಹೆಸರನ್ನು ಹೊತ್ತು ಎದ್ದ ಗಗನಚುಂಬಿಯನ್ನು ನೋಡಲು ನಾನೂ ನನ್ನಾಕೆಯೂ ಅಕ್ಟೋಬರ್ ತಿಂಗಳ ಒಂದು ಶನಿವಾರ ಬೆಳಿಗ್ಗೆ, ನ್ಯೂಜೆರ್ಸಿಯಲ್ಲಿರುವ ಮಗನ ಮನೆಯಿಂದ ಹೊರಟೆವು.

ಮ್ಯಾನ್‌ಹ್ಯಾಟನ್ನಿನ ಐದನೆಯ ಅವೆನ್ಯೂವಿನಿಂದ ಪಶ್ಚಿಮಕ್ಕೆ ತಿರುಗಿ, ಎರಡು ಕಟ್ಟಡಗಳ ನಡುವಣ ಇಳಿಜಾರಿನ ಹೂದೋಟವನ್ನು ಹಾದು ಬಂದರೆ, ಮುಂದೆ ತಗ್ಗಿನಲ್ಲೊಂದು ಚೌಕ. ಅದರ ಅಂಚಿನಲ್ಲಿ ಹೊಂಬಣ್ಣದ ಪ್ರೊಮಿಥಿಯಸ್ ವಿಗ್ರಹ. ದೇವತೆಗಳಿಂದ ಬೆಂಕಿಯನ್ನು ಕದ್ದು ಮನುಷ್ಯನಿಗೆ ತಂದುಕೊಟ್ಟ ಆ ಗ್ರೀಕ್ ಪುರಾಣಪುರುಷನ ಬೆನ್ನಹಿಂದೆ, ಎತ್ತಿ ನಿಲ್ಲಿಸಿದ ಹಲಗೆಯಂತೆ, ನಸುಬೂದುಬಣ್ಣದ ಸುಣ್ಣಕಲ್ಲಿನ ಭವನವೊಂದು 850 ಅಡಿಗಳ ಎತ್ತರಕ್ಕೆ ನಿಂತಿದೆ. ವಿಳಾಸ: ರಾಕ್‌ಫೆಲರ್ ಪ್ಲಾಜಾ, ನಂಬರು 30. ಕಟ್ಟಿದಾಗ ಇದು ಆರ್.ಸಿ.ಎ. ಭವನ, 1988ರಲ್ಲಿ ಜಿ.ಇ. ಭವನವಾಯಿತು, 2015ರಲ್ಲಿ ಕಾಮ್‌ಕಾಸ್ಟ್ ಭವನವಾಯಿತು. ಒಳಗೆ ವಾಸವಾಗಿರುವ ಎನ್.ಬಿ.ಸಿ. ಎಂಬ ಪ್ರಸಾರಸಂಸ್ಥೆಯ ಒಡೆತನ ಕೈಬದಲಾದಂತೆಲ್ಲ ಹೊರಗಿನ ಹೆಸರೂ ಬದಲಾಗಿದೆ. ಊರಿನವರು ಮಾತ್ರ ಈ ಗೊಡವೆಯೇ ಬೇಡವೆಂದು 'ತರ್ಟಿ ರಾಕ್' ಎಂದು ಮನೆಯ ನಂಬರನ್ನೇ ಹೆಸರಾಗಿಸಿಕೊಂಡಿದ್ದಾರೆ.

ಇಲ್ಲಿ ಇಂಥದೊಂದು ಭವನ ಏಳಬೇಕೆಂದು ಮೊದಲಿಗೆ ಯಾರೂ ಬಯಸಿರಲಿಲ್ಲ. 1928ರಲ್ಲಿ ಎರಡನೆಯ ಜಾನ್ ಡಿ. ರಾಕ್‌ಫೆಲರ್ ಕೊಲಂಬಿಯಾ ವಿಶ್ವವಿದ್ಯಾಲಯದಿಂದ ಈ ಜಾಗವನ್ನು ಗುತ್ತಿಗೆಗೆ ಹಿಡಿದಾಗ ಅವನ ಮನಸ್ಸಿನಲ್ಲಿದ್ದುದು ಒಂದು ಸಂಗೀತನಾಟಕ ಮಂದಿರ. ಮರುವರ್ಷ ಷೇರುಪೇಟೆ ಕುಸಿಯಿತು. ನಾಟಕಮಂದಿರದವರು ಹಿಂದೆ ಸರಿದರು. ಗುತ್ತಿಗೆಯ ಹೊರೆ ಮಾತ್ರ ಸಾಹುಕಾರನ ಹೆಗಲ ಮೇಲೆ ಉಳಿಯಿತು. ಆ ಕಷ್ಟಕಾಲದಲ್ಲಿಯೂ ಬೆಳೆಯುತ್ತಿದ್ದ ವ್ಯಾಪಾರಗಳಲ್ಲಿ ರೇಡಿಯೋ ಒಂದು. ಹೀಗಾಗಿ ಗಾಯಕರು ಬಾರದ ಜಾಗಕ್ಕೆ ನಭೋವಾಣಿ ಬಂದಿತು.

ದೇಶದಲ್ಲಿ ಲಕ್ಷಾಂತರ ಜನ ಕೆಲಸವಿಲ್ಲದೆ ಅಲೆಯುತ್ತಿದ್ದ ದಿನಗಳವು. 1931ರ ಕ್ರಿಸ್‌ಮಸ್ ಮುನ್ನಾದಿನ ಇಲ್ಲಿಯ ಕೆಲಸಗಾರರು ತಮ್ಮತಮ್ಮಲ್ಲೇ ಹಣ ಕೂಡಿಸಿ, ಸುಮಾರು 20 ಅಡಿಯ ಮರವೊಂದನ್ನು ತಂದು ನಿಲ್ಲಿಸಿದರು. ಮನೆಮಂದಿ ಕೈಯಾರೆ ಮಾಡಿಕೊಟ್ಟ ಮಾಲೆಗಳಿಂದ ಅದನ್ನು ಸಿಂಗರಿಸಿದರು. ಈಗ ಪ್ರತಿವರ್ಷವೂ ಲೋಕವೆಲ್ಲ ನೋಡುವ ಇಲ್ಲಿಯ ಕ್ರಿಸ್‌ಮಸ್ ದೀಪೋತ್ಸವಕ್ಕೆ ಮೂಲ ಆ ಕೂಲಿಕಾರರ ಸಂಭ್ರಮ. ಮುಗಿಲಿನಲ್ಲಿ ಒಂದು ಉಕ್ಕಿನ ತೊಲೆಯ ಮೇಲೆ ಹನ್ನೊಂದು ಮಂದಿ ಸಾಲಾಗಿ ಕುಳಿತು ಬುತ್ತಿ ಉಣ್ಣುತ್ತಿರುವ ಛಾಯಾಚಿತ್ರವನ್ನು ಓದುಗರು ಎಲ್ಲಿಯಾದರೂ ಕಂಡಿರಬಹುದು. ಅದನ್ನು ತೆಗೆದದ್ದು 1932ರ ಸೆಪ್ಟೆಂಬರ್ 20ರಂದು, ಇದೇ ಕಟ್ಟಡದ ಮೇಲ್ತುದಿಯಲ್ಲಿ. ಪ್ರಚಾರಕ್ಕಾಗಿ ಕೂರಿಸಿ ತೆಗೆದ ಚಿತ್ರವದು. ಆದರೂ ಆ ಎತ್ತರ ನಿಜ, ಕಾಲ ಕೆಳಗಿನ ಶೂನ್ಯ ನಿಜ. ಅವರಲ್ಲಿ ಬಹುಪಾಲು ಜನರ ಹೆಸರು ಇಂದಿಗೂ ನಿಶ್ಚಯವಾಗಿಲ್ಲ.

ಹೆಬ್ಬಾಗಿಲ ಮೇಲೆ ಲೀ ಲಾರಿ ಎಂಬ ಶಿಲ್ಪಿ ಕಡೆದ ಉಬ್ಬುಚಿತ್ರವಿದೆ. ನಡುವೆ ಗಡ್ಡಧಾರಿಯಾದ 'ವಿವೇಕ' ಕೈವಾರವನ್ನು ಹಿಡಿದು ಬಾಗಿದ್ದಾನೆ. ಒಂದು ಮಗ್ಗುಲಿಗೆ 'ಶಬ್ದ', ಇನ್ನೊಂದು ಮಗ್ಗುಲಿಗೆ 'ಬೆಳಕು'. ಇದನ್ನು ಕಡೆದ 1933ರಲ್ಲಿ ರೇಡಿಯೋ ಮನೆಮನೆಯ ಮಾತಾಗಿತ್ತು, ಟೆಲಿವಿಷನ್ ಇನ್ನೂ ಪ್ರಯೋಗಶಾಲೆಯ ಕೂಸು.

ಈ ಭವನದ ಮುಖ್ಯ ಶಿಲ್ಪಿ ರೇಮಂಡ್ ಹುಡ್ ಕಚೇರಿಗಳಿಗೊಂದು ನಿಯಮ ಹಾಕಿಕೊಂಡಿದ್ದ: ಕುಳಿತು ಕೆಲಸಮಾಡುವ ಯಾವ ಜಾಗವೂ ಕಿಟಕಿಯಿಂದ 27 ಅಡಿಗಿಂತ ದೂರವಿರಕೂಡದು. ಮೇಲೇರಿದಂತೆ ಲಿಫ್ಟುಗಳ ಸಂಖ್ಯೆ ಕಡಿಮೆಯಾಗುವುದಷ್ಟೆ. ಅವು ಬಿಟ್ಟುಕೊಟ್ಟಷ್ಟು ಜಾಗವನ್ನು ಗೋಡೆಯನ್ನು ಒಳಸರಿಸಿ ಕಳೆದ. ಗೋಪುರ ಮೆಟ್ಟಿಲುಮೆಟ್ಟಿಲಾಗಿ ಮೇಲಕ್ಕೆ ಸಪೂರವಾಗಲು ಇದೇ ಕಾರಣ. ಆದರೆ ಗೋಪುರದ ಹಿಂಬದಿಗೆ, ಸ್ಟುಡಿಯೋಗಳಿರುವ ತಗ್ಗಿನ ಭಾಗಕ್ಕೆ ಬಂದರೆ ಕಿಟಕಿಯೇ ಇಲ್ಲ. ಮುಂದೆ ಬೆಳಕಿಗಾಗಿ ಇಂಚಿಂಚು ಲೆಕ್ಕ ಹಾಕಿದವರು ಹಿಂದೆ ಅದನ್ನು ಪೂರ್ತಿ ಹೊರಗಿಟ್ಟಿದ್ದಾರೆ.

"ಕಿಟಕಿಯಿಲ್ಲದ ಮನೆಗೆ ವಾಸ್ತು ನೋಡಿದವರು ಯಾರು?" ಎಂದಳು ನನ್ನಾಕೆ.

ಉತ್ತರ ದೊರೆತದ್ದು ನಮ್ಮನ್ನು ಒಳಗೆ ಕರೆದೊಯ್ದ ತರುಣಿಯಿಂದ. ಸಮವಸ್ತ್ರ ಧರಿಸಿ ಸಂದರ್ಶಕರಿಗೆ ದಾರಿ ತೋರಿಸುವ ಇಂಥ ಕಿರಿಯರನ್ನು ಇಲ್ಲಿ 'ಪೇಜ್' ಎನ್ನುತ್ತಾರೆ. ಈ ಪದ್ಧತಿಯೂ 1933ರದೇ. ಸ್ಟುಡಿಯೋಗಳಿಗೆ ಬೇಕಾಗಿದ್ದುದು ಗಾಳಿಯೂ ಅಲ್ಲ, ಬೆಳಕೂ ಅಲ್ಲ, ನಿಶ್ಶಬ್ದ. ಪಕ್ಕದ ಆರನೆಯ ಅವೆನ್ಯೂವಿನಲ್ಲಿ 1938ರವರೆಗೂ ಕಂಬಗಳ ಮೇಲಿನ ರೈಲು ಗಡಗಡಿಸುತ್ತ ಓಡುತ್ತಿತ್ತು. ಆದ್ದರಿಂದ ಸ್ಟುಡಿಯೋಗಳ ನೆಲ ಗೋಡೆಗಳನ್ನು ಕಟ್ಟಡದ ಉಕ್ಕಿನ ಮೈಗೆ ನೇರವಾಗಿ ತಗಲದಂತೆ ಬೇರೆಯಾಗಿ ನಿಲ್ಲಿಸಿದರು. ಮನೆಯೊಳಗೊಂದು ಮನೆ, ಹೊರಮನೆ ನಡುಗಿದರೂ ಒಳಮನೆಗೆ ತಿಳಿಯದು. ಕಿಟಕಿಯ ಗಾಳಿಗೆ ಬದಲಾಗಿ ಯಂತ್ರದಿಂದ ತಂಪುಗಾಳಿಯನ್ನು ಹರಿಸಿದರು.

ಇವುಗಳಲ್ಲಿ ಹಿರಿಯದು ಎಂಟನೆಯ ಅಂತಸ್ತಿನಲ್ಲಿರುವ '8 ಎಚ್'. ಅದು ಆ ಕಾಲಕ್ಕೆ ಲೋಕದಲ್ಲಿಯೇ ದೊಡ್ಡ ರೇಡಿಯೋ ಸ್ಟುಡಿಯೋ. 1937ರ ಕ್ರಿಸ್‌ಮಸ್ ರಾತ್ರಿ ಇಟಲಿಯ ಸಂಗೀತ ನಿರ್ದೇಶಕ ಆರ್ತುರೋ ತೊಸ್ಕಾನಿನಿ ತನ್ನ ಎಪ್ಪತ್ತನೆಯ ವಯಸ್ಸಿನಲ್ಲಿ, ತನಗಾಗಿಯೇ ಕೂಡಿಸಿದ ವಾದ್ಯವೃಂದವನ್ನು ಇಲ್ಲಿಂದ ನಡೆಸಿದ. ಕಾಗದ ಮಗುಚಿದ ಸದ್ದೂ ಆಗಬಾರದೆಂದು ಕಾರ್ಯಕ್ರಮಪತ್ರಿಕೆಯನ್ನು ಬಟ್ಟೆಯ ಮೇಲೆ ಅಚ್ಚುಹಾಕಿಸಿದ್ದರಂತೆ. ಆದರೆ ಪ್ರತಿಧ್ವನಿಯನ್ನು ಅಷ್ಟು ಶ್ರದ್ಧೆಯಿಂದ ಕೊಂದ ಕೋಣೆಯಲ್ಲಿ ಸಂಗೀತವೂ ಒಣಗಿದಂತೆ ಕೇಳುತ್ತದೆಂದು ರಸಿಕರು ದೂರಿದರು. 1950ರಲ್ಲಿ ವಾದ್ಯವೃಂದ ಹೊರಗೆ ಹೋಯಿತು, ಟೆಲಿವಿಷನ್ ಒಳಗೆ ಬಂದಿತು. 1975ರ ಅಕ್ಟೋಬರ್ 11ರಿಂದ ಶನಿವಾರದ ರಾತ್ರಿಗಳಲ್ಲಿ ನಗೆನಾಟಕದ ಕಾರ್ಯಕ್ರಮವೊಂದು ಅಲ್ಲಿಂದಲೇ ನೇರವಾಗಿ ಪ್ರಸಾರವಾಗುತ್ತಿದೆ. ನಾವು ಹೋದಂದು ಅದರ ಸಿದ್ಧತೆ ನಡೆದಿದ್ದರಿಂದ ಒಳಗೆ ಪ್ರವೇಶವಿರಲಿಲ್ಲ.

ಹುಡುಗಿ ಎನ್.ಬಿ.ಸಿ.ಯ ಗುರುತಿನ ಮೂರು ಸ್ವರಗಳನ್ನು ಗುನುಗಿದಳು. 1950ರಲ್ಲಿ ಇದನ್ನು ವ್ಯಾಪಾರಮುದ್ರೆಯಾಗಿ ನೋಂದಾಯಿಸಿದರು. ಆ ದೇಶದಲ್ಲಿ ಬರಿಯ ನಾದಕ್ಕೆ ಅಂಥ ಹಕ್ಕು ದೊರೆತದ್ದು ಅದೇ ಮೊದಲು. ನಮ್ಮ ಕಿವಿಗೆ ಅದು ಮಂದ್ರದ ಪಂಚಮ, ಆಮೇಲೆ ಗಾಂಧಾರ, ಕಡೆಗೆ ಷಡ್ಜ. ನನಗೆ ನಸುಕಿನಲ್ಲಿ ನಮ್ಮ ಆಕಾಶವಾಣಿ ನುಡಿಸುತ್ತಿದ್ದ ಸಂಕೇತರಾಗದ ನೆನಪಾಯಿತು. ಈ ಭವನಕ್ಕೆ ಎರಡು ವರ್ಷ ತುಂಬಿದಾಗ, 1935ರಲ್ಲಿ, ಮೈಸೂರಿನ ಮನಶ್ಶಾಸ್ತ್ರ ಪ್ರಾಧ್ಯಾಪಕರಾದ ಎಂ.ವಿ. ಗೋಪಾಲಸ್ವಾಮಿಯವರು ತಮ್ಮ ವಾಸದ ಮನೆಯಲ್ಲಿಯೇ ಒಂದು ಪುಟ್ಟ ಪ್ರಸಾರಯಂತ್ರವನ್ನು ಹೂಡಿದರು; ಅದಕ್ಕೆ 'ಆಕಾಶವಾಣಿ' ಎಂದು ಹೆಸರಾಯಿತು. ಇಲ್ಲಿ 850 ಅಡಿಗಳ ಕಲ್ಲು; ಅಲ್ಲಿ ಒಬ್ಬ ಮೇಷ್ಟರ ಮನೆ. ಮುಂದೆ ದೇಶದ ರೇಡಿಯೋಗೆಲ್ಲ ಸಲ್ಲುವ ಹೆಸರು ಹುಟ್ಟಿದ್ದು ಆ ಮನೆಯಲ್ಲಿ. ನನ್ನಾಕೆಗೆ ಇದನ್ನು ಕೇಳಿ ಆದ ಹೆಮ್ಮೆಯನ್ನು ಬಣ್ಣಿಸಲಾರೆ.

ಇನ್ನು ಬೆಳಕಿನ ಕಥೆ. 1935ರಲ್ಲಿ ಇಲ್ಲಿಯ '3 ಎಚ್' ಎಂಬ ರೇಡಿಯೋ ಸ್ಟುಡಿಯೋವನ್ನು ಟೆಲಿವಿಷನ್ನಿಗೆ ಅಣಿಗೊಳಿಸಿದರು. ಆಗಿನ ಕ್ಯಾಮೆರಾಕ್ಕೆ ಕಣ್ಣು ಮಂದ; ಅದಕ್ಕೆ ಕಾಣಬೇಕಾದರೆ ಉರಿಯುವ ದೀಪಗಳ ಧಗೆಯಲ್ಲಿ ನಟರು ಬೇಯಬೇಕಾಗಿತ್ತು. 1939ರ ಏಪ್ರಿಲ್ 30ರಂದು ನ್ಯೂಯಾರ್ಕಿನ ವಿಶ್ವಪ್ರದರ್ಶನದ ಪ್ರಾರಂಭೋತ್ಸವವನ್ನು, ಅಧ್ಯಕ್ಷ ರೂಸ್‌ವೆಲ್ಟರ ಭಾಷಣಸಮೇತ, ಎನ್.ಬಿ.ಸಿ. ತೋರಿಸಿತು, ಅಲ್ಲಿಂದ ಕ್ರಮಬದ್ಧ ಪ್ರಸಾರ ಮೊದಲಾಯಿತು.

ಎಲ್ಲವನ್ನೂ ನೋಡಿ ಕೆಳಗಿನ ಮೊಗಸಾಲೆಗೆ ಇಳಿದೆವು. ಹೆಬ್ಬಾಗಿಲಿಗೆ ಎದುರಾಗಿ ಗೋಡೆಯ ಉದ್ದಕ್ಕೂ ಕಂದುಬಣ್ಣದ ಒಂದು ಮಹಾಚಿತ್ರ. "ಇವರು ಲಿಂಕನ್ ಅಲ್ಲವೇ?" ಎಂದು ನನ್ನಾಕೆ ಗುರುತಿಸಿದಳು. ಹೌದು, ಲಿಂಕನ್ನರೇ. ಇದು ಸ್ಪೇನಿನ ಹೊಸೆ ಮರಿಯಾ ಸೆರ್ಟ್ ರಚಿಸಿದ 'ಅಮೆರಿಕದ ಪ್ರಗತಿ'. ಆದರೆ ಈ ಗೋಡೆ ಮೊದಲು ಬೇರೊಬ್ಬರದಾಗಿತ್ತು.

ಮೆಕ್ಸಿಕೋದೇಶದ ಡಿಯೇಗೋ ರಿವೇರಾನನ್ನು ರಾಕ್‌ಫೆಲರ್ ಮನೆತನದವರೇ ಕರೆಸಿದ್ದರು. ಕವಲುದಾರಿಯಲ್ಲಿ ನಿಂತ ಮನುಷ್ಯ ಹೊಸ ಭವಿಷ್ಯವನ್ನು ಅರಸುವುದು ಅವನಿಗೆ ಕೊಟ್ಟ ವಿಷಯ. 1933ರ ವಸಂತದಲ್ಲಿ ಹಸಿಗಾರೆಯ ಮೇಲೆ ಚಿತ್ರ ಬೆಳೆಯುತ್ತ ಹೋದಾಗ, ಮೊದಲ ಕರಡಿನಲ್ಲಿ ಇಲ್ಲದಿದ್ದ ಒಂದು ಮುಖ ಅದರಲ್ಲಿ ಮೂಡಿತು. ಅದು ಲೆನಿನ್ನನ ಮುಖ. ಸಾಹುಕಾರನ ಮಗ ನೆಲ್ಸನ್ ರಾಕ್‌ಫೆಲರ್ ಆ ಮುಖವನ್ನು ಬದಲಿಸುವಂತೆ ವಿನಯದಿಂದಲೇ ಕಾಗದ ಬರೆದ. ಅದನ್ನು ಅಳಿಸಲಾರೆ, ಬೇಕಾದರೆ ಇನ್ನೊಂದೆಡೆ ಲಿಂಕನ್ನನನ್ನು ಸೇರಿಸುವೆನೆಂದ ರಿವೇರಾ. ಮೇ 9ರಂದು ಅವನಿಗೆ ಸಲ್ಲಬೇಕಾದ ಹಣವನ್ನು ಪೂರ್ತಿ ಕೊಟ್ಟು, ಅಟ್ಟಣೆಯಿಂದ ಕೆಳಗಿಳಿಸಿದರು. ಚಿತ್ರಕ್ಕೆ ಮುಸುಕು ಹಾಕಿದರು. 1934ರ ಫೆಬ್ರವರಿಯ ಒಂದು ರಾತ್ರಿ ಗಾರೆಯನ್ನೇ ಕೆತ್ತಿ ಉದುರಿಸಿದರು.

ಒಡೆಯನ ಕಡೆಗೂ ನ್ಯಾಯವಿಲ್ಲವೆನ್ನಲಾರೆ. ಆ ಮಂದಿಯ ಕಾಲದಲ್ಲಿ ಇಷ್ಟು ದೊಡ್ಡ ಭವನಕ್ಕೆ ಬಾಡಿಗೆದಾರರು ಬರಬೇಕಾಗಿತ್ತು. ಒಪ್ಪಿದ್ದು ಒಂದು, ಬರೆದದ್ದು ಇನ್ನೊಂದು ಎಂಬುದೂ ಸುಳ್ಳಲ್ಲ. ಆದರೆ ಸದ್ದೊಂದು ಒಳನುಸುಳದಂತೆ ಗೋಡೆ ಕಟ್ಟಬಲ್ಲವರು ಒಂದು ಮುಖಕ್ಕೆ ಹೆದರಿದರಲ್ಲ!

ಚಿತ್ರ ಹೋದರೂ ಅದರ ನೆನಪು ಹೋಗಲಿಲ್ಲ. ರಿವೇರಾನ ಸಹಾಯಕಿ ಲೂಸಿಯೆನ್ ಬ್ಲಾಕ್ ಎಂಬಾಕೆ ಕಾವಲುಗಾರರ ಕಣ್ಣುತಪ್ಪಿಸಿ ಅದರ ಛಾಯಾಚಿತ್ರಗಳನ್ನು ತೆಗೆದಿದ್ದಳು. ರಿವೇರಾ ಅದೇ ವರ್ಷ ಮೆಕ್ಸಿಕೋ ನಗರದ ಕಲಾಭವನದಲ್ಲಿ ಅದನ್ನು ಮತ್ತೆ ಬರೆದ. ಅದರಲ್ಲಿ ಹಳೆಯ ಒಡೆಯನಾದ ರಾಕ್‌ಫೆಲರನನ್ನೂ ಮದ್ಯಪಾನಗೋಷ್ಠಿಯಲ್ಲಿ ಕೂರಿಸಿ ಸೇಡು ತೀರಿಸಿಕೊಂಡ. ಅದು ಇಂದಿಗೂ ಅಲ್ಲಿದೆ.

ಅಳಿಸುವುದಕ್ಕೆ ಯಾವಾಗಲೂ ಕೋಪವೇ ಬೇಕೆಂದಿಲ್ಲ. 1962ರಿಂದ 1972ರವರೆಗೆ ಜಾನಿ ಕಾರ್ಸನ್ ಎಂಬ ಮಾತುಗಾರ ಇದೇ ಭವನದಿಂದ ರಾತ್ರಿ ರಾತ್ರಿ ಲಕ್ಷಾಂತರ ಮನೆಗಳಿಗೆ ನಗೆಯನ್ನು ಹಂಚಿದ. ಆ ಹತ್ತು ವರ್ಷಗಳ ಟೇಪುಗಳಲ್ಲಿ ಬಹುಪಾಲು ಇಂದು ಇಲ್ಲ. ಅವನ್ನು ಅಳಿಸಿ, ಅವುಗಳ ಮೇಲೆಯೇ ಬೇರೆ ಕಾರ್ಯಕ್ರಮಗಳನ್ನು ತುಂಬಿಕೊಂಡರು. ಗಾರೆಯನ್ನು ಕೆತ್ತಿದ್ದು ಅಂಜಿಕೆ. ಟೇಪನ್ನು ಅಳಿಸಿದ್ದು ಮಿತವ್ಯಯ. ಕಳೆದುಕೊಂಡದ್ದರ ಲೆಕ್ಕದಲ್ಲಿ ಎರಡೂ ಒಂದೇ. ಕಲ್ಲು ಗಟ್ಟಿಯೆಂದು ಏನೂ ಉಳಿಯುವುದಿಲ್ಲ; ಇದು ಉಳಿಯಬೇಕೆಂದು ಯಾರಾದರೊಬ್ಬರು ಮನಸ್ಸು ಮಾಡಿದರಷ್ಟೇ ಉಳಿಯುತ್ತದೆ.

ನನ್ನಾಕೆ ಬಹಳ ಹೊತ್ತು ಸೆರ್ಟನ ಚಿತ್ರವನ್ನೇ ನೋಡುತ್ತ ನಿಂತಳು. "ಕಡೆಗೆ ಲಿಂಕನ್ನರಂತೂ ಬಂದರಲ್ಲ," ಎಂದಳು. "ಅವನು ಬರೆಯುತ್ತೇನೆಂದಾಗಲೇ ಬಿಟ್ಟಿದ್ದರೆ ಗೋಡೆ ಒಡೆಯುವ ಖರ್ಚಾದರೂ ಉಳಿಯುತ್ತಿತ್ತು."

ಆ ರಾತ್ರಿ ಊಟವಾದ ಮೇಲೆ ಮಗ ಹನ್ನೊಂದೂವರೆಗೆ ಟೆಲಿವಿಷನ್ ಹಾಕಿದ. "ಅಪ್ಪಾ, ಬೆಳಿಗ್ಗೆ ನಿಮ್ಮನ್ನು ಒಳಗೆ ಬಿಡದ ಸ್ಟುಡಿಯೋ ನೋಡಿ, ಇದೇ," ಎಂದ. ಜನ ನಗುತ್ತಿದ್ದರು, ಅವರ ವಿನೋದ ನಮಗೆ ಅರ್ಧ ತಿಳಿಯಿತು, ಅರ್ಧ ತಿಳಿಯಲಿಲ್ಲ. ಕಿಟಕಿಯಿಲ್ಲದ ಆ ಮನೆ ನಮ್ಮ ಮುಂದೆ ಕಿಟಕಿಯಂತೆ ತೆರೆದುಕೊಂಡಿತ್ತು. ನನ್ನಾಕೆ ತಲೆಯನ್ನು ತುಸು ಓರೆಮಾಡಿ, ಸದ್ದಿಗೆ ಕಿವಿಗೊಟ್ಟು, ಕಣ್ಣು ಕದಲಿಸದೆ ಕುಳಿತಿದ್ದಳು.

"ಏನು ಅಷ್ಟೊಂದು ಹುಡುಕುತ್ತಿದ್ದೀ?" ಎಂದೆ.

"ಕೆಳಗಿನ ಆ ಗೋಡೆಯನ್ನು ಇವರು ಎಂದಾದರೂ ತೋರಿಸುತ್ತಾರೋ ಏನೋ ಅಂತ ನೋಡುತ್ತಿದ್ದೇನೆ," ಎಂದಳು.