ಠುಮರಿಯೂ ವಾಕ್ಚಿತ್ರವೂ

ಮಿರಜದಲ್ಲಿ ನೆಲೆಸಿದ್ದ ಖಾನಸಾಹೇಬ ಅಬ್ದುಲ್ ಕರೀಮಖಾನರ ಝಿಂಝೋಟಿಯ ಠುಮರಿಯೊಂದು ಗ್ರಾಮಫೋನ್ ತಟ್ಟೆಗೆ ಇಳಿದು ಊರೂರು ಸುತ್ತಿದ ಸಂಗತಿಯನ್ನು ವಾಚಕರಲ್ಲಿ ಹಲವರು ಬಲ್ಲರು. ಗದಗಿನ ಹುಡುಗ ಭೀಮಸೇನ ಜೋಶಿಯವರು ಅದನ್ನು ಕೇಳಿ, ಹಾಗೆಯೇ ಹಾಡಬೇಕೆಂಬ ಹಂಬಲದಿಂದ 1933ರಲ್ಲಿ ಮನೆ ಬಿಟ್ಟು ಹೊರಟರು. ಅದೇ ಠುಮರಿಯು 1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್ ಸಂಸ್ಥೆಯ ಹಿಂದೀ ‘ದೇವದಾಸ’ ವಾಕ್ಚಿತ್ರದಲ್ಲಿ ಸೈಗಲ್ಲರ ಕಂಠದಿಂದ ಕೇಳಿಬಂದಿತು. ಆ ಚಿತ್ರಕ್ಕೆ ಸಂಗೀತವನ್ನು ಹೊಂದಿಸಿದವರು ಸರೋದವಾದಕರಾದ ತಿಮಿರ ಬರನ್‌ರವರು.

ನಮ್ಮ ಕಾಗವಾಡಕ್ಕೆ ಮಿರಜವು ಬಲು ಸಮೀಪ. ಔಷಧಕ್ಕೂ ತಂಬೂರಿಗೂ ನಮ್ಮ ಸೀಮೆಯವರು ಅಲ್ಲಿಗೇ ಹೋಗತಕ್ಕವರು. ಆದುದರಿಂದ ನಮ್ಮ ಹಿರಿಯರು ಖಾನಸಾಹೇಬರ ಠುಮರಿಯನ್ನು ಮನೆಯ ಸೊತ್ತೆಂದೇ ಬಗೆದಿದ್ದರು. ಸೈಗಲ್ಲರ ಹಾಡು ಅವರ ದೃಷ್ಟಿಯಲ್ಲಿ ಕಳವಿನ ಮಾಲು!

ಈ ಮಾತನ್ನು ನಾವು ಒಪ್ಪಲಾರೆವು. ಬೈಠಕಿನಲ್ಲಿ ಅರ್ಧ ತಾಸು ಅರಳಬಹುದಾದುದನ್ನು ಖಾನಸಾಹೇಬರೇ ತಟ್ಟೆಗಾಗಿ ಮೂರು ನಿಮಿಷಗಳಿಗೆ ಇಳಿಸಿದ್ದರಲ್ಲವೆ? ಪಾಶ್ಚಾತ್ಯರಲ್ಲಿಯೂ ಇಂಥದು ನಡೆದಿದೆ. 1933ರಲ್ಲಿ ವಿಲ್ಲಿ ಫೋರ್ಸ್ಟ್ ತೆಗೆದ, ಶೂಬರ್ಟನನ್ನು ಕುರಿತ ಚಿತ್ರಕ್ಕೆ ಜರ್ಮನ್ ಸಂಗೀತಕಾರನಾದ ವಿಲ್ಲಿ ಶ್ಮಿಟ್-ಗೆಂಟ್ನರನು ಶೂಬರ್ಟನ ಗೀತೆಗಳನ್ನೇ ಅಳವಡಿಸಿದನು. ಪಿಯಾನೋದ ಬದಿಯಲ್ಲಿ ನಿಂತು ಕೆಲವೇ ಜನರೆದುರು ಹಾಡತಕ್ಕ ಗೀತೆಗಳು ಚಿತ್ರಮಂದಿರದ ಕತ್ತಲೆಗೆ ಬಂದವು. ಇದರಲ್ಲಿ ಕಳೆದುಹೋದದ್ದೂ ಉಂಟು. ಸ್ವರವೊಂದರ ಮೇಲೆ ನಿಂತು ಕಾಯುವ ಪುರಸೊತ್ತು ಸಿನಿಮಾಕ್ಕೆ ಎಲ್ಲಿಯದು?

ಹಳೆಯ ಈ ವಾದವು ಇತ್ತೀಚೆಗೆ ನಮ್ಮ ಮನೆಯೊಳಗೇ ಕಾಲಿಟ್ಟಿತು. ನಮ್ಮ ತಮ್ಮನ ಮಗಳು ಮಿರಜದಲ್ಲಿ ಸಂಗೀತ ಕಲಿಯುತ್ತಾಳೆ. ಅವಳು ಸೈಗಲ್ಲರ ಧಾಟಿಯಲ್ಲಿ ಗುನುಗುತ್ತಿದ್ದುದು ಗುರುಗಳ ಕಿವಿಗೆ ಬಿದ್ದು, “ಸಿನಿಮಾ ಬೇಕಾದರ ಇಲ್ಲಿ ಬರಬ್ಯಾಡ” ಎಂದುಬಿಟ್ಟರು. ಹುಡುಗಿಯು ತಂಬೂರಿಗೆ ಗವಸು ಹಾಕಿದವಳು ಒಂದು ತಿಂಗಳು ತೆಗೆಯಲಿಲ್ಲ. ಊಟದ ಹೊತ್ತಿಗೂ ಮಾತಿಲ್ಲ. ವಿದ್ಯೆಯು ಇಲ್ಲಿಗೇ ಮುಗಿಯಿತೆಂದು ಅವಳ ತಾಯಿ ಕಣ್ಣೀರು ತಂದರು.

ನಾವು ಉಪದೇಶಕ್ಕೆ ಹೋಗದೆ, ಮೊಬೈಲಿನಲ್ಲಿ ಎರಡನ್ನೂ ಒಂದರ ಹಿಂದೊಂದು ಕೇಳಿಸಿದೆವು. ಖಾನಸಾಹೇಬರ ಎಳೆಯಂಥ ಎತ್ತರದ ದನಿಯಲ್ಲಿ ಸ್ವರವೇ ದುಃಖ, ಶಬ್ದವು ಬರಿಯ ನೆಪ. ಸೈಗಲ್ಲರಾದರೋ ತಗ್ಗಿದ ದನಿಯಲ್ಲಿ, ತಮ್ಮೊಳಗೆ ತಾವೇ ಆಡಿಕೊಂಡಂತೆ, ಶಬ್ದವನ್ನು ಮುಂದಿಡುತ್ತಾರೆ. ಕುಡಿದು ಕೆಟ್ಟ ದೇವದಾಸನಿಗೆ ಅದೇ ಒಪ್ಪುವುದು.

“ಕಾಕಾ, ಇಷ್ಟು ಸಾವಕಾಶ, ಇಷ್ಟು ತಗ್ಗಿನಾಗ ಹಾಡಿದ್ರೂ ಇವರ ಸ್ವರ ಅಲುಗೋದಿಲ್ಲಲ್ರಿ, ಹ್ಯಾಂಗ?” ಎಂದು ಅವಳು ಕೇಳಿದಳು.

“ಹಾಡಿ ನೋಡವ್ವಾ” ಎಂದೆವು.

ಹಾಡಿದಳು. ಕೆಳಗಿನ ಸ್ವರಗಳಲ್ಲಿ ದನಿಯು ನಡುಗಿತು. ಮುಂಜಾನೆಯ ಖರ್ಜದ ಸಾಧನೆಯೆಂದು ಗುರುಗಳು ದಿನವೂ ಹಿಡಿದು ಮಾಡಿಸುತ್ತಿದ್ದುದು ಏತಕ್ಕೆಂಬುದು ಅವಳಿಗೆ ಆಗ ಹೊಳೆದಿರಬೇಕು. ಮರುವಾರ ತಾನಾಗಿಯೇ ಮಿರಜದ ಬಸ್ಸು ಹತ್ತಿದಳು.

ಗುರುಗಳ ಸಿಟ್ಟು ಇನ್ನೂ ಪೂರ್ಣ ಇಳಿದಿಲ್ಲ. ಖರ್ಜದ ಪಾಠವನ್ನು ಮಾತ್ರ ಮೊದಲಿಗಿಂತ ಹೆಚ್ಚು ಹೊತ್ತು ಮಾಡಿಸುತ್ತಿರುವರಂತೆ.