ಓಟಿಪಿ ಯಾರ ಮನೆಗೆ ಹೋಯ್ತು?

ಸೆಮಿಸ್ಟರ್ ರಜೆಗೆ ಊರಿಗೆ ಹೋದರೆ ಮಾರನೇ ದಿನವೇ ಪಾಳಿ ಶುರು. ಕೈಯಲ್ಲಿ ಒಂದು ಫೋನು, ಮುಖದಲ್ಲಿ ಎಮ್ಮೆ ಕಳಕೊಂಡವರ ಕಳೆ. "ಅಣ್ಣಾ, ಐಡಿ ಹೋಗೈತಿ. ಹೊಳ್ಳಿ ತಂದ ಕೊಡೋ." ನಾವು ಅಂದರೆ ಅರಭಾವಿ ಕಡೆಯಿಂದ ಬಂದು ಇದೇ ಕ್ಯಾಂಪಸ್ಸಿನಲ್ಲಿ ಓದುತ್ತಿರುವ ಮೂವರು. ಒಬ್ಬರದು ಇನ್ಫರ್ಮೇಶನ್ ಸೈನ್ಸ್, ಇನ್ನಿಬ್ಬರದು ಸಿವಿಲ್. ಸಿವಿಲ್‌ನವರಿಗೂ ಫೋನಿಗೂ ಸಂಬಂಧ ಇಲ್ಲ ಅಂತ ಎಷ್ಟು ಹೇಳಿದರೂ ಊರಲ್ಲಿ ಯಾರೂ ನಂಬಲ್ಲ. ಇಂಜಿನಿಯರಿಂಗ್ ಅಂದಮೇಲೆ ಫೋನ್ ರಿಪೇರಿ ಬರಲೇಬೇಕು. ಕೂಲಿ ಒಂದು ಕಪ್ ಚಹಾ. ಲೆವೆಲ್ ಜಾಸ್ತಿ ಇರುವ ಐಡಿ ಆದರೆ ಗೋಕಾಕ ಕರದಂಟು.

ಹುಡುಗರ ಬಾಯಲ್ಲಿ ಐಡಿ ಅಂದರೆ ಬರೀ ಲಾಗಿನ್ ಅಲ್ಲ. ಮೂರ್ನಾಲ್ಕು ವರ್ಷ ಆಡಿ ಗಳಿಸಿದ ಲೆವೆಲ್ಲು, ಗನ್ ಸ್ಕಿನ್ನು, ಜೊತೆಗೆ ಆಡಿದವರ ಲಿಸ್ಟು, ಎಲ್ಲ ಸೇರಿ ಐಡಿ. ಹೊರಗಿನವರಿಗೆ ನಗು ಬರಬಹುದು, ನಮಗೆ ಬರಲ್ಲ. ಲಾಕ್‌ಡೌನ್ ಹೊತ್ತಿಗೆ ನಾವು ಎಂಟನೇ ಕ್ಲಾಸು ಮುಗಿಸಿದ್ದೆವು. ಶಾಲೆ ಬಂದ್ ಆಗಿ, ಓಣಿಗೆ ಬಿದಿರು ಕಟ್ಟಿ ಕೂತಿದ್ದ ಆ ತಿಂಗಳುಗಳಲ್ಲಿ ಕ್ಲಾಸ್‌ಮೇಟ್‌ಗಳ ದನಿ ಕೇಳುತ್ತಿದ್ದದ್ದು ಆಟದ ಮೈಕ್‌ನಲ್ಲೇ.

ಆದರೆ ಮನೆಯವರಿಗೆ ಆ ಆಟದ ಹೆಸರೇ ಆಗುತ್ತಿರಲಿಲ್ಲ. 2019ರ ಸೆಪ್ಟೆಂಬರ್‌ನಲ್ಲಿ ಬೆಳಗಾವಿ ಪಕ್ಕದ ಕಾಕತಿಯಲ್ಲಿ, ಪಬ್‌ಜಿ ಆಡಬೇಡ ಅಂದದ್ದಕ್ಕೆ ಮಗನೇ ತಂದೆಯನ್ನು ಕೊಂದನೆಂಬ ಸುದ್ದಿ ಪೇಪರಿನಲ್ಲಿ ಬಂದಮೇಲಂತೂ ಅಪ್ಪಂದಿರು ಫೋನ್ ಕಸಿದುಕೊಳ್ಳಲು ಎರಡನೇ ಮಾತು ಆಡುತ್ತಿರಲಿಲ್ಲ. ಹಾಗಾಗಿ ಐಡಿ ಮಾಡಿದ್ದೆಲ್ಲ ಕದ್ದು. ಅಕ್ಕನ ನಂಬರ್, ಕಾಕಾನ ಫೋನ್, ಸುಳ್ಳು ಹುಟ್ಟಿದ ತಾರೀಖು, 'ಡೆವಿಲ್ ಕಿಂಗ್' ಅನ್ನೋ ಫೇಸ್‌ಬುಕ್ ಹೆಸರು. ಇವತ್ತು ನಮ್ಮ ಮುಂದೆ ಬರುವ ತೊಂದರೆಗಳಲ್ಲಿ ಅರ್ಧದ ಬೇರು ಅಲ್ಲಿದೆ. ಮಿಕ್ಕ ಅರ್ಧ ಟೆಕ್ನಿಕಲ್ಲು. ಮೊದಲು ಅದನ್ನೇ ಹೇಳಿ ಮುಗಿಸ್ತೀವಿ, ಅದು ಸುಲಭ.

ಆಟದೊಳಗೆ ಫೇಸ್‌ಬುಕ್ ಬಟನ್ ಒತ್ತಿದರೆ ನಿಮ್ಮ ಪಾಸ್‌ವರ್ಡ್ ಆಟದ ಕಂಪನಿಗೆ ಹೋಗುವುದಿಲ್ಲ. ಆಟ ನಿಮ್ಮನ್ನು ಫೇಸ್‌ಬುಕ್ ಬಾಗಿಲಿಗೆ ಕಳಿಸುತ್ತೆ. ಅಲ್ಲಿ ನೀವು ನೀವೇ ಅಂತ ತೋರಿಸಿದರೆ ಫೇಸ್‌ಬುಕ್ ಒಂದು ಟೋಕನ್ ಕೊಟ್ಟು ವಾಪಸ್ ಕಳಿಸುತ್ತೆ. 2012ರಲ್ಲಿ ಬಂದ ಓಆತ್ 2.0 ಅನ್ನೋ ಪದ್ಧತಿಯ ಸಾರ ಇಷ್ಟೇ. ಊರ ಸೊಸೈಟಿಯಲ್ಲಿ ನಮ್ಮ ಗುರುತು ಹೇಳಲು ಒಬ್ಬ ಹಳೇ ಮೆಂಬರ್ ಸಹಿ ಮಾಡಿದ ಹಾಗೆ. ಅಂದರೆ ಇಲ್ಲಿ ಮೂರು ಜನ ಇದ್ದಾರೆ: ನಿಮ್ಮ ಫೋನು, ಆಟ, ಮತ್ತು ಸಾಕ್ಷಿ. 'ಲಾಗಿನ್ ಆಗ್ತಿಲ್ಲ' ಅಂದಾಗ ಮೂವರಲ್ಲಿ ಯಾರು ಬಾಗಿಲು ಹಾಕಿಕೊಂಡಿದ್ದಾರೆ ಅಂತ ಹುಡುಕುವುದೇ ಮುಖ್ಯ ಕೆಲಸ.

ಇನ್ನೊಂದು ಮಾತು. ಸಾಕ್ಷಿ ಹೇಳುವುದು ನಿಮ್ಮ ಹೆಸರನ್ನಲ್ಲ, ಒಂದು ಉದ್ದನೆಯ ನಂಬರನ್ನ. 2014ರಿಂದ ಫೇಸ್‌ಬುಕ್ ಒಬ್ಬೊಬ್ಬರಿಗೂ ಪ್ರತಿ ಆ್ಯಪ್‌ಗೆ ಬೇರೆ ಬೇರೆ ನಂಬರ್ ಕೊಡುವ ಕ್ರಮ ತಂದಿತು. ಆಟದ ಕಂಪನಿ ನಿಮ್ಮ ಲೆವೆಲ್ಲನ್ನು ಗಂಟು ಹಾಕಿರೋದು ಆ ನಂಬರಿಗೆ. ಅದಕ್ಕೇ ಅದೇ ಹೆಸರು, ಅದೇ ಫೋಟೋ ಹಾಕಿ ಹೊಸ ಫೇಸ್‌ಬುಕ್ ಮಾಡಿದರೆ ಹಳೇ ಐಡಿ ಬರಲ್ಲ. ಲೆವೆಲ್ ಒಂದರ ಹೊಸ ಕೂಸು ಹುಟ್ಟುತ್ತೆ, ಅಷ್ಟೇ.

ಬಂದವರಿಗೆ ನಾವು ಮೊದಲು ಹೇಳುವುದು: ಏನೂ ಅಳಿಸಬ್ಯಾಡ. ಮೊಬೈಲ್ ಅಂಗಡಿಯವರು ಕಣ್ಣು ಮುಚ್ಚಿ ಕೊಡುವ ಸಲಹೆ 'ಅನ್‌ಇನ್‌ಸ್ಟಾಲ್ ಮಾಡಿ ಮತ್ತೆ ಹಾಕು' ಅಂತ. ಲಾಗಿನ್ ಇರುವ ಐಡಿಗೆ ಅದು ಪರವಾಗಿಲ್ಲ, ಗೆಸ್ಟ್ ಐಡಿಗೆ ಮಾತ್ರ ವಿಷ. ಗೆಸ್ಟ್ ಐಡಿಗೆ ಸಾಕ್ಷಿಯೇ ಇಲ್ಲ, ಅದರ ಗುರುತು ಇರೋದು ಆ ಫೋನಿನೊಳಗೆ. ಕ್ಯಾಶೆ ತೆಗೆದರೆ ಏನೂ ಆಗಲ್ಲ, ಪಕ್ಕದಲ್ಲೇ ಇರುವ 'ಡೇಟಾ' ಒತ್ತಿದರೆ ಎಷ್ಟೋ ಆಟಗಳಲ್ಲಿ ಐಡಿ ಹೋದ ಹಾಗೇ. 2019ರ ಆಗಸ್ಟ್‌ನಲ್ಲಿ ಘಟಪ್ರಭಾ ಉಕ್ಕಿ, ಲೋಳಸೂರ ಸೇತುವೆ ಮುಳುಗಿ, ಗೋಕಾಕದ ಓಣಿಗಳಿಗೆ ನೀರು ನುಗ್ಗಿತ್ತಲ್ಲ, ಆಗ ಫೋನ್ ನೀರುಪಾಲಾದ ನಮ್ಮ ಓರಗೆಯವರ ಗೆಸ್ಟ್ ಐಡಿಗಳೂ ಹೊಳೆಗೇ ಹೋದವು. ಮನೆಯಲ್ಲಿ ಕಾಳುಕಡಿ ಹೋಗಿರುವಾಗ ಇದನ್ನು ಯಾರ ಮುಂದೆ ಅಳೋದು?

ಅತಿ ಸುಲಭದ ಕೇಸು ತಾರೀಖಿನದು. ಫೋನಿನ ಚಾರ್ಜ್ ಪೂರ್ತಿ ಇಳಿದು ಸತ್ತು, ಮತ್ತೆ ಎದ್ದಾಗ ಕೆಲವು ಹಳೇ ಫೋನ್‌ಗಳು ನಾಲ್ಕೈದು ವರ್ಷ ಹಿಂದಿನ ತಾರೀಖು ತೋರಿಸುತ್ತವೆ. ಸರ್ವರ್ ತೋರಿಸುವ ಸರ್ಟಿಫಿಕೇಟಿಗೆ ಇಂಥ ದಿನದಿಂದ ಇಂಥ ದಿನದವರೆಗೆ ಅಂತ ಅವಧಿ ಇರುತ್ತೆ. ನಿಮ್ಮ ಫೋನು 2017ರಲ್ಲಿ ಕೂತಿದ್ದರೆ ಅದರ ಲೆಕ್ಕದಲ್ಲಿ ಆ ಸರ್ಟಿಫಿಕೇಟ್ ಇನ್ನೂ ಹುಟ್ಟೇ ಇಲ್ಲ. ಆಟ 'ನೆಟ್‌ವರ್ಕ್ ಎರರ್' ಅನ್ನುತ್ತೆ, ಹುಡುಗ ಸಿಮ್ ಕಂಪನಿಗೆ ಬೈತಾನೆ. ತಾರೀಖು ಆಟೋಮ್ಯಾಟಿಕ್‌ಗೆ ಹಾಕಿದರೆ ಮುಗೀತು. ಇಂಥದ್ದಕ್ಕೆ ಕರದಂಟು ತಗೊಳ್ಳೋದು ಅನ್ಯಾಯ, ಆದರೂ ತಗೊಂಡಿದ್ದೀವಿ.

ಪರೀಕ್ಷೆ ಮುಗಿಸಿ ಬಂದವರ ಕೇಸು ಬೇರೆ. ಫೇಸ್‌ಬುಕ್ ಕೊಡುವ ಟೋಕನ್‌ ಆಟ ಆಡುತ್ತಿದ್ದರೆ ಹೊಸದಾಗುತ್ತಾ ಹೋಗುತ್ತೆ. ಮುಟ್ಟದೇ ಬಿಟ್ಟರೆ ಸುಮಾರು 60 ದಿನಕ್ಕೆ ಸಾಯುತ್ತೆ. ಇಂಟರ್ನಲ್ಸ್, ಲ್ಯಾಬು, ಥಿಯರಿ ಅಂತ ಎರಡು ತಿಂಗಳು ಒಳ್ಳೇ ಮಕ್ಕಳಾಗಿದ್ದರೆ ಸಿಗುವ ಬಹುಮಾನ ಇದು: ಆಟ ಮತ್ತೆ ಪಾಸ್‌ವರ್ಡ್ ಕೇಳುತ್ತೆ, ಮೂರು ವರ್ಷದಿಂದ ಟೈಪೇ ಮಾಡದ ಪಾಸ್‌ವರ್ಡ್ ಯಾರಿಗೂ ನೆನಪಿಲ್ಲ.

ಇನ್ನು ಮಾಡ್ ಎಪಿಕೆ. ಗೆಳೆಯನ ಫೋನಿನಿಂದ ಮೂಲ ಆಟವನ್ನೇ ಶೇರ್ ಮಾಡಿಕೊಂಡರೆ ಲಾಗಿನ್‌ಗೆ ತೊಂದರೆ ಇಲ್ಲ, ಏಕೆಂದರೆ ಅದರ ಮೇಲೆ ಕಂಪನಿಯ ಡಿಜಿಟಲ್ ಸಹಿ ಹಾಗೇ ಇರುತ್ತೆ. 'ಅನ್‌ಲಿಮಿಟೆಡ್ ಡೈಮಂಡ್' ಫೈಲಿನ ಕತೆ ಬೇರೆ. ಅದನ್ನು ಬಿಚ್ಚಿ ತಿದ್ದಿದವರು ತಮ್ಮದೇ ಸಹಿ ಹಾಕಿ ಮುಚ್ಚಿರುತ್ತಾರೆ. ಫೇಸ್‌ಬುಕ್ ತನ್ನ ಬಳಿ ಬರೆಸಿಟ್ಟ ಕೀ ಹ್ಯಾಶ್‌ಗೂ ಇದಕ್ಕೂ ತಾಳೆ ನೋಡುತ್ತೆ, ಕೂಡಲ್ಲ, ಹೊರಗೆ ಹಾಕುತ್ತೆ. ಆಗ ಕೆಲವು ಮಾಡ್‌ಗಳು ತಮ್ಮದೇ ಒಂದು ನಕಲಿ ಲಾಗಿನ್ ಪುಟ ತೋರಿಸುತ್ತವೆ. ಅಲ್ಲಿ ಪಾಸ್‌ವರ್ಡ್ ಹೊಡೆದರೆ ಐಡಿ ಜೊತೆ ಫೇಸ್‌ಬುಕ್ಕೂ ಹೋಯ್ತು. ಇಂಥ ಕೇಸಿಗೆ ನಾವು ಕೈ ಹಾಕುವುದು ಮಾಡ್ ತೆಗೆದು, ಪಾಸ್‌ವರ್ಡ್ ಬದಲಾಯಿಸಿದ ಮೇಲೇ.

ನಿಜಕ್ಕೂ ಆಟದ್ದೇ ಬಾಗಿಲು ಮುಚ್ಚಿದ ದಿನಗಳೂ ಇವೆ. 2020ರ ಸೆಪ್ಟೆಂಬರ್ 2ಕ್ಕೆ ಕೇಂದ್ರ ಸರ್ಕಾರ ಪಬ್‌ಜಿ ಸೇರಿ 118 ಆ್ಯಪ್ ನಿಷೇಧಿಸಿತು, ಅಕ್ಟೋಬರ್ 30ಕ್ಕೆ ಸರ್ವರ್ರೂ ಬಂದ್. ಮುಂದಿನ ಜುಲೈ 2ಕ್ಕೆ ಬಿಜಿಎಂಐ ಬಂದಾಗ ಹಳೇ ಡೇಟಾ ತಂದುಕೊಳ್ಳಲು ಹಳೇ ಸೋಶಿಯಲ್ ಅಕೌಂಟ್ ಬೇಕಿತ್ತು. ಗೆಸ್ಟ್ ಆಗಿ ಆಡಿದವರಿಗೆ ದಾರಿಯೇ ಇರಲಿಲ್ಲ. ಅದೇ ವರ್ಷದ ಅಕ್ಟೋಬರ್ 4ರ ರಾತ್ರಿ ಒಂಬತ್ತು ದಾಟಿದ ಮೇಲೆ ಫೇಸ್‌ಬುಕ್ ಜಗತ್ತಿನಿಂದಲೇ ಮಾಯವಾಯಿತು. ಮೇಂಟೆನೆನ್ಸ್ ಕೆಲಸದಲ್ಲಿ ಕೊಟ್ಟ ಒಂದು ಕಮಾಂಡಿನಿಂದ ಅವರ ನೆಟ್‌ವರ್ಕಿನ ದಾರಿ ಹೊರಗಿನ ಇಂಟರ್ನೆಟ್ಟಿಗೆ ಗೊತ್ತೇ ಆಗದ ಹಾಗಾಗಿ, ಸುಮಾರು ಆರು ತಾಸು ಸಾಕ್ಷಿ ಊರಲ್ಲೇ ಇಲ್ಲ. ಆಟದ ಸರ್ವರ್ ಚೆನ್ನಾಗಿದ್ದರೂ ಫೇಸ್‌ಬುಕ್ಕಿಂದ ಹೊಸದಾಗಿ ಒಳಗೆ ಹೋಗಬೇಕಾದವರು ಹೊರಗೇ. ಮಾರನೇ ದಿನ, ಅಕ್ಟೋಬರ್ 5ರಿಂದ, ಆ್ಯಂಡ್ರಾಯ್ಡ್‌ನಲ್ಲಿ ಆ್ಯಪಿನೊಳಗಿನ ಪುಟ್ಟ ಬ್ರೌಸರಿನಲ್ಲಿ ಫೇಸ್‌ಬುಕ್ ಲಾಗಿನ್ ಮಾಡುವುದನ್ನು ಅವರು ನಿಲ್ಲಿಸಿದರು, ಪಾಸ್‌ವರ್ಡ್ ಕದಿಯೋದಕ್ಕೆ ಅದು ಸುಲಭದ ಜಾಗ ಅಂತ. ಫೇಸ್‌ಬುಕ್ ಆ್ಯಪ್ ಹಾಕಿಕೊಳ್ಳದ ಹುಡುಗರು ಸಿಕ್ಕಿಬಿದ್ದದ್ದು ಆಗ. ಎರಡು ದಿನದಲ್ಲಿ ಎರಡು ಬೇರೆ ಬೇರೆ ರೋಗ, ಲಕ್ಷಣ ಒಂದೇ.

ಇನ್ನು ಕಷ್ಟದ ಅರ್ಧ.

ಕಳೆದ ಬೇಸಿಗೆಯಲ್ಲಿ ನಮ್ಮ ಓಣಿಯ ಒಬ್ಬ ಹುಡುಗ ಬಂದ. ಎಸ್‌ಎಸ್‌ಎಲ್‌ಸಿ ಪಾಸಾಗಿದ್ದಕ್ಕೆ ಮನೆಯಲ್ಲಿ ಹೊಸ ಫೋನ್ ಕೊಡಿಸಿದ್ದರು. ಫೇಸ್‌ಬುಕ್ ಪಾಸ್‌ವರ್ಡ್ ನೆನಪಿತ್ತು, ಸರಿಯಾಗೇ ಇತ್ತು. ಹೊಸ ಫೋನಾದ್ದರಿಂದ ಫೇಸ್‌ಬುಕ್ ಅನುಮಾನಪಟ್ಟು ಆರು ಅಂಕಿಯ ಕೋಡ್ ಕಳಿಸಿತು, ಕಳಿಸಿದ್ದು ಅವನ ಅಕ್ಕನ ಹಳೇ ನಂಬರಿಗೆ. ಅಕ್ಕನ ಮದುವೆಯಾಗಿ ಎರಡು ವರ್ಷ, ಗಂಡನ ಮನೆಗೆ ಹೋದಮೇಲೆ ಸಿಮ್ ಬದಲಾಗಿದೆ, ಹಳೆಯದಕ್ಕೆ ರೀಚಾರ್ಜ್ ಮಾಡಿದವರಿಲ್ಲ. ಬಂದಾದ ನಂಬರನ್ನು ಕನಿಷ್ಠ 90 ದಿನ ಬೇರೆಯವರಿಗೆ ಕೊಡುವುದಿಲ್ಲ ಅಂತ ಟ್ರಾಯ್ 2023ರಲ್ಲಿ ಸುಪ್ರೀಂ ಕೋರ್ಟಿಗೆ ಹೇಳಿತ್ತು. ಅಂದರೆ 90 ದಿನ ಆದಮೇಲೆ ಕೊಡಬಹುದು. ಕೊಟ್ಟೂ ಇದ್ದರು. ನಾವು ಹಚ್ಚಿದಾಗ ರಿಂಗ್ ಆಯಿತು.

ರಿಂಗ್‌ಗೂ ಮೊದಲು, ಆಗ ಎಲ್ಲ ಕಾಲ್‌ಗೂ ಬರುತ್ತಿದ್ದ ಸೈಬರ್ ಎಚ್ಚರಿಕೆ ಪೂರ್ತಿ ಕೇಳಿಸಿತು. ಆಮೇಲೆ ಒಬ್ಬ ಹಿರಿಯರು ಎತ್ತಿದರು.

"ಯಾರ್ರೀ?"

"ಕಾಕಾ, ನಿಮ್ಮ ನಂಬರಿಗೆ ಈಗ ಒಂದು ಮೆಸೇಜ್ ಬಂದಿರ್ತೈತ್ರಿ. ಅದರಾಗ ಆರು ಅಂಕಿ ಇರ್ತಾವ್ರಿ…"

"ತಮ್ಮಾ, ನೀ ಎಲ್ಲಿಂದ ಮಾತಾಡಾಕತ್ತಿ?"

"ಅರಭಾವಿಯಿಂದ್ರಿ. ಇದು ನಮ್ಮ ಹುಡುಗನ ಅಕ್ಕನ ಹಳೇ ನಂಬರ್ ಇತ್ರಿ. ಆಟದ ಐಡಿ ಸಲುವಾಗಿ ಬೇಕಾಗಿತ್ರಿ."

"ಇರಲಿ. ಓಟಿಪಿ ಹೇಳಬ್ಯಾಡ ಅಂತ ನನ್ನ ಮಗ ಬರದು ಗ್ವಾಡಿಗೆ ಹಚ್ಯಾನ. ನಾ ಹೇಳೂದಿಲ್ಲ. ನೀ ಖರೇನ ಹೇಳಿರಬೌದು, ಆದ್ರೂ ಹೇಳೂದಿಲ್ಲ."

ಇಟ್ಟುಬಿಟ್ಟರು. ಅವರು ಮಾಡಿದ್ದು ಸರಿ. ನಾವು ಹೇಳಿದ ಒಂದೊಂದು ಮಾತೂ ನಿಜ, ಆದರೆ ಅದನ್ನು ಹೇಳಲು ನಮ್ಮ ಬಳಿ ಇದ್ದದ್ದು ಕಳ್ಳರು ಬಳಸುವ ವಾಕ್ಯಗಳೇ. ನಮ್ಮ ಅಪ್ಪಂದಿರು ಇಂಥ ಫೋನಿಗೆ ಹೀಗೇ ಉತ್ತರ ಕೊಡಲಿ ಅಂತಲೇ ನಾವು ಮನೆಯಲ್ಲಿ ದಿನಾ ತಲೆ ತಿನ್ನೋದು. ಹುಡುಗ ಮಾತ್ರ ಬಿಡಲಿಲ್ಲ: "ಬ್ಯಾರೆ ನಂಬರಿಂದ ಹಚ್ಚಿ ಬ್ಯಾಂಕಿನವರು ಅಂತ ಹೇಳೂನು ಅಣ್ಣಾ." ಇಲ್ಲ ಅಂದೆವು. ಅವನಿಗೆ ಸಿಟ್ಟು ಬಂತು. ಟೆಲಿಗ್ರಾಂನಲ್ಲಿ 'ಐಡಿ ರಿಕವರಿ' ಮಾಡಿಕೊಡುವವರು ಸಿಕ್ಕಿದ್ದಾರೆ, ಮುಂಗಡ ಕೇಳಿದ್ದಾರೆ ಅಂತ ತೋರಿಸಿದ. ಅದಕ್ಕೂ ಇಲ್ಲ ಅಂದೆವು. ಹೊರಗಿನವರು ಯಾರೂ ಕಂಪನಿಯ ಸರ್ವರಿನಿಂದ ಐಡಿ ಕಿತ್ತು ತಂದು ಕೊಡಲಾರರು. ಅವರು ತಗೊಳ್ಳೋದು ದುಡ್ಡು, ಆಮೇಲೆ ಪಾಸ್‌ವರ್ಡ್. ದುಡ್ಡು ಹೋದಮೇಲೆ 1930ಕ್ಕೆ ಫೋನ್ ಮಾಡುವ ಹೊತ್ತಿಗೆ ಮನೆಯಲ್ಲಿ ಎಲ್ಲ ಗೊತ್ತಾಗಿರುತ್ತೆ. ಆಟದ ಕಂಪನಿಗೆ ಬರೆದ ಮೇಲ್‌ಗೆ ಬಂದ ಉತ್ತರ ಹೊಸದೇನೂ ಅಲ್ಲ: ನಿಮ್ಮ ಸೋಶಿಯಲ್ ಅಕೌಂಟ್ ತೊಂದರೆಯನ್ನು ಅಲ್ಲೇ ಸರಿಪಡಿಸಿಕೊಳ್ಳಿ.

ಉಳಿದದ್ದು ಒಂದೇ ದಾರಿ. ಇದೇ ಫೇಸ್‌ಬುಕ್ ಬೇರೆ ಯಾವುದಾದರೂ ಫೋನಿನಲ್ಲಿ ಇನ್ನೂ ತೆರೆದಿದ್ದರೆ, ಕೋಡಿನ ಬದಲು ಅಲ್ಲಿಂದ 'ಹೌದು, ನಾನೇ' ಅಂತ ಒಪ್ಪಿಗೆ ಕೊಡಬಹುದು. ಮೊದಲು ಯಾವ ಫೋನಿನಲ್ಲಿ ಆಡ್ತಿದ್ದಿ ಅಂತ ಕೇಳಿದೆವು. ಅಕ್ಕನ ಹಳೇ ಫೋನಿನಲ್ಲಿ. ಅದು ಎಲ್ಲಿದೆ? ಅಕ್ಕನ ಜೊತೆಗೇ ಹೋಗಿದೆ, ಹುಕ್ಕೇರಿ ಕಡೆ.

ಎರಡು ಬೈಕ್ ಮೇಲೆ ನಾಲ್ವರು ಹೋದೆವು. ತವರಿನಿಂದ ನಾಲ್ಕು ಜನ ಒಮ್ಮೆಲೇ ಬಂದದ್ದು ನೋಡಿ ಅಕ್ಕನಿಗೆ ಎದೆ ಧಸಕ್ಕಂತು. "ಅವ್ವಗ ಏನಾತೋ?" ಅಂತ ಕೇಳಿದರು. ಆಟದ ಐಡಿ ಅಂತ ಗೊತ್ತಾದಮೇಲೆ ತಮ್ಮನ ಬೆನ್ನಿಗೆ ಒಂದು ಬಿತ್ತು, ನಮಗೆ ಊಟ ಸಿಕ್ಕಿತು. ಫೋನು ಟ್ರಂಕಿನಲ್ಲಿ ಸೀರೆ ಕೆಳಗಿತ್ತು, ಗ್ಲಾಸ್ ಒಡೆದಿತ್ತು. ಚಾರ್ಜಿಗೆ ಹಾಕಿ ಅರ್ಧ ತಾಸಿಗೆ ಎದ್ದಿತು. ತಾರೀಖು ತಪ್ಪು. ಸರಿಮಾಡಿ, ಹಾಟ್‌ಸ್ಪಾಟ್ ಕೊಟ್ಟು, ಫೇಸ್‌ಬುಕ್ ತೆರೆದರೆ ಡೆವಿಲ್ ಕಿಂಗ್ ಒಳಗೇ ಕೂತಿದ್ದ. ಹೊಸ ಫೋನಿನಲ್ಲಿ ಪಾಸ್‌ವರ್ಡ್ ಹೊಡೆದೆವು, ಹಳೆಯದರ ಮೇಲೆ ಪ್ರಶ್ನೆ ಬಂತು, ಹುಡುಗ ಒಡೆದ ಗ್ಲಾಸಿನ ಮೇಲೆ ಮೂರು ಸಲ ಒತ್ತಿ 'ಹೌದು' ಅಂದ. ಬಂತು. ಅಲ್ಲೇ ಕೂತು ಹಳೇ ನಂಬರ್ ತೆಗೆದು ಅವನ ಹೊಸ ನಂಬರ್ ಹಾಕಿಸಿದೆವು. ಒಂದೇ ಸಾಕ್ಷಿ ಸಾಲದು ಅಂತ ಆಟಕ್ಕೆ ಅವನ ಜಿಮೇಲನ್ನೂ ಜೋಡಿಸಿದೆವು. ಪಾಸ್‌ವರ್ಡನ್ನು ಫಿಸಿಕ್ಸ್ ನೋಟಿನ ಹಿಂದೆ ಬರೀತೀನಿ ಅಂದವನಿಗೆ ಬೇರೆ ಜಾಗ ಹುಡುಕು ಅಂತ ಹೇಳಿದೆವು.

ಅಷ್ಟರಲ್ಲಿ ಅಕ್ಕ ಆ ಹಳೇ ಫೋನ್ ತಗೊಂಡು ಕಿಟಕಿ ಹತ್ತಿರ ಕೂತಿದ್ದರು. ಗ್ಯಾಲರಿಯಲ್ಲಿ ಮದುವೆಗೆ ಮುಂಚಿನ ಫೋಟೋಗಳು: ಅರಭಾವಿ ಜಾತ್ರೆ, ಹಿತ್ತಲು, ಈಗಿಲ್ಲದ ಅಜ್ಜಿ. ಇವನ್ನ ಹೊಸ ಫೋನಿಗೆ ಹಾಕಿ ಕೊಡ್ರೆಪಾ ಅಂದರು. ಫೋಟೋ ಬ್ಯಾಕಪ್ ಅವರ ಹಳೇ ಜಿಮೇಲ್‌ನಲ್ಲಿತ್ತು. ಹೊಸ ಫೋನಿನಲ್ಲಿ ಆ ಜಿಮೇಲ್ ಹಾಕಿದೆವು. ಕೋಡ್ ಕಳಿಸಿದ್ದೇವೆ ಅಂತ ಬಂತು, ಕೊನೆಯ ಎರಡು ಅಂಕಿ ನೋಡಿದರೆ ಅದೇ ಕಾಕಾನ ನಂಬರ್. ಹಳೇ ಫೋನಿನ ಚಾರ್ಜ್ 11 ಪರ್ಸೆಂಟ್ ತೋರಿಸುತ್ತಿತ್ತು, ವೈರ್ ಅಲ್ಲಾಡಿಸದ ಹಾಗೆ ಹಿಡಕೊಂಡು ಮತ್ತೆ ಶುರು ಮಾಡಿದೆವು.