ಮಸ್ಕಿಯ ಮಾರ್ಗದಲ್ಲಿ ತೆರೆಯ ಹಿಂದಿನವರು

ಸಿಂಧನೂರಿನಿಂದ ಮಸ್ಕಿಯ ಮೂಲಕ ಲಿಂಗಸುಗೂರಿಗೆ ಹೋಗುವ ಹೆದ್ದಾರಿಯು ಸುಮಾರು 60 ಕಿಲೋಮೀಟರು. ಪ್ರವಾಸಿಗನಿಗೆ ಇದು ಗದ್ದೆ, ಬಂಡೆ, ಎರೆಹೊಲಗಳ ದಾರಿ. ಚಲನಚಿತ್ರದ ನಿರ್ಮಾಣ ನಿರ್ವಹಣೆಯ ಹೊಣೆ ಹೊತ್ತವನಿಗಾದರೋ ಇದೇ ದಾರಿ ಬೇರೆಯಾಗಿ ಕಾಣುತ್ತದೆ. ಲಾರಿ ಎಲ್ಲಿ ತಿರುಗೀತು, ಜನರೇಟರ್ ವ್ಯಾನು ಎಲ್ಲಿ ನಿಂತೀತು, ನೂರು ಮಂದಿಗೆ ಮುಂಜಾನೆ ಆರಕ್ಕೆ ಮಂಡಾಳ ಒಗ್ಗರಣೆ, ಮಿರ್ಚಿ ಎಲ್ಲಿಂದ ಬಂದೀತು ಎಂಬುದೇ ಅವನ ಚಿಂತೆ. ಈ ಸಲ ನಾವೂ ಅವನ ಕಣ್ಣನ್ನು ಎರವಲು ಪಡೆದು ಹೊರಡೋಣ.

ಸಿಂಧನೂರು ತುಂಗಭದ್ರೆಯ ಎಡದಂಡೆ ಕಾಲುವೆಯ ಕೃಪೆಯಿಂದ ಭತ್ತದ ನಾಡಾಯಿತು. ಸ್ಥಳ ನೋಡಿ ಬಂದ ದಿನ ಹಸುರಾಗಿದ್ದ ಗದ್ದೆಯು ತಂಡ ಬಂದಿಳಿಯುವ ದಿನ ಕೊಯ್ಲಾಗಿ ಬರಿಯ ಕೂಳೆಯಾಗಿರಬಹುದು. ಆದ್ದರಿಂದ ನಾಯಕಿಯ ಕಾಲ್‌ಷೀಟಿಗಿಂತ ಮೊದಲು ಕಾಲುವೆಗೆ ನೀರು ಬಿಡುವ ದಿನಗಳನ್ನು ಕೇಳಿ ಬರೆದುಕೊಳ್ಳಬೇಕು. ಮಳೆ ಬಿತ್ತೆಂದರೆ, ಡಾಂಬರು ಬಿಟ್ಟಿಳಿದ ಲಾರಿಯನ್ನು ಎರೆಮಣ್ಣು ಅಚ್ಚಿನವರೆಗೂ ನುಂಗುತ್ತದೆ.

ಇನ್ನೊಂದು ಸೋಜಿಗವುಂಟು. ನಟನ ಹಿಂದೆ ಹಸುರು ಬಟ್ಟೆ ಕಟ್ಟಿ ಚಿತ್ರ ತೆಗೆದು, ಬಳಿಕ ಕಂಪ್ಯೂಟರಿನಲ್ಲಿ ಆ ಹಸುರನ್ನಳಿಸಿ ಅರಮನೆಯನ್ನೋ ರಣರಂಗವನ್ನೋ ಕೂಡಿಸುವ ವಿಧಾನವನ್ನು ವಾಚಕರು ಬಲ್ಲರು. ಪೈರಿನ ನಡುವೆ ಆ ಬಟ್ಟೆ ಕಟ್ಟಿದರೆ, ಅಳಿಸುವಾಗ ಪೈರಿಗೂ ತೂತು ಬಿದ್ದೀತು! ಇಲ್ಲಿ ನೀಲಿ ಬಟ್ಟೆಯೇ ಲೇಸು. ಇದನ್ನು ಮರೆತರೆ, ನಗರದ ಕತ್ತಲೆಯ ಕೋಣೆಯೊಂದರಲ್ಲಿ ಯಾವನೋ ಯುವಕನು ಒಂದೊಂದು ಚೌಕಟ್ಟಿನಲ್ಲೂ ನಟನ ಮೈಯ ಅಂಚನ್ನು ಕೈಯಿಂದಲೇ ಬಿಡಿಸುತ್ತ ಕೂಡಬೇಕು. ಸೆಕೆಂಡಿಗೆ 24 ಚೌಕಟ್ಟು. ಹತ್ತು ಸೆಕೆಂಡಿನ ದೃಶ್ಯಕ್ಕೆ 240. "ಎಲ್ಲಾ ಗ್ರಾಫಿಕ್ಸ್ ಬಿಡಿ" ಎಂದು ನಾವು ಹಗುರವಾಗಿ ಆಡುವ ಮಾತಿನ ಹಿಂದೆ ಇಂಥ ಎಷ್ಟು ರಾತ್ರಿಗಳಿವೆಯೋ!

ಮಸ್ಕಿಯಲ್ಲಿ ಬಂಡೆಗಳು ಎದ್ದುನಿಲ್ಲುತ್ತವೆ. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್ ಇಲ್ಲಿ ಕಂಡ ಬರಹವೇ, ದೇವಾನಾಂಪ್ರಿಯನೆಂಬ ದೊರೆಯು ಅಶೋಕನೆಂದು ಹೆಸರಿಟ್ಟು ಹೇಳಿದ, ಮೊದಲು ದೊರೆತ ಶಿಲಾಶಾಸನ. ಇದು ಸಂರಕ್ಷಿತ ಸ್ಮಾರಕ. ಚಿತ್ರೀಕರಣಕ್ಕೆ ಪುರಾತತ್ವ ಇಲಾಖೆಯ ಅನುಮತಿ ಬೇಕು, ಸುತ್ತ 100 ಮೀಟರಿನೊಳಗೆ ಹೊಸ ಕಟ್ಟಡಕ್ಕೆ ನಿಷೇಧ. ಸರಿಯಾದ ಕಟ್ಟಳೆಯೇ. ಹಾಗಾದರೆ ಅಶೋಕನ ಕಾಲದ ಬೀದಿಯನ್ನು ತೋರಿಸುವುದೆಂತು? ಬಂಡೆಯನ್ನು ಮುಟ್ಟದೆ, ಬರಿದಾದ ಸ್ಥಳದ ಚಿತ್ರವನ್ನಷ್ಟೇ ತೆಗೆದೊಯ್ಯುವರು. ಕಸುಬಿನವರು ಇದನ್ನು ಪ್ಲೇಟ್ ಎನ್ನುತ್ತಾರೆ. ಬೀದಿ, ಮನೆಗಳೆಲ್ಲ ಆಮೇಲೆ ಕಂಪ್ಯೂಟರಿನಲ್ಲಿ ಏಳುತ್ತವೆ.

ಆಗ ಸಹಾಯಕನೊಬ್ಬನು ಕನ್ನಡಿಯಂತೆ ಹೊಳೆಯುವ ಗೋಲವೊಂದನ್ನೂ ಬೂದುಬಣ್ಣದ ಗೋಲವೊಂದನ್ನೂ ಹಿಡಿದು ಕ್ಯಾಮೆರಾದ ಮುಂದೆ ನಿಲ್ಲುತ್ತಾನೆ. ಜಾತ್ರೆಯ ಆಟಿಕೆಯೆಂದು ನೋಡುವವರು ನಕ್ಕಾರು. ಹೊಳೆಯುವ ಗೋಲದಲ್ಲಿ ಬೆಳಕು ಎಲ್ಲೆಲ್ಲಿಂದ ಬರುವುದೆಂದು ತೋರಿದರೆ, ಬೂದುಗೋಲವು ನೆರಳಿನ ಗಾಢತೆಯನ್ನು ಹೇಳುತ್ತದೆ. ಲೆನ್ಸ್ ಯಾವುದು, ಕ್ಯಾಮೆರಾ ಎಷ್ಟೆತ್ತರ, ಗಂಟೆ ಎಷ್ಟು ಎಂಬುದೆಲ್ಲ ಟಿಪ್ಪಣಿಗೆ ಹೋಗಬೇಕು. ಇಲ್ಲವಾದರೆ ಬಂಡೆಯ ನೆರಳು ಪಡುವಣಕ್ಕೂ ಕಂಪ್ಯೂಟರಿನ ಮನೆಯ ನೆರಳು ಮೂಡಣಕ್ಕೂ ಬಿದ್ದು, ಸುಳ್ಳು ಸಿಕ್ಕಿಬೀಳುತ್ತದೆ.

ಲಿಂಗಸುಗೂರು ತಾಲ್ಲೂಕಿನ ಹಟ್ಟಿಯಲ್ಲಿ ಇಂದಿಗೂ ಚಿನ್ನ ತೆಗೆಯುತ್ತಾರೆ. ಆದರೆ 2018ರ 'ಕೆ.ಜಿ.ಎಫ್.' ಚಿತ್ರದ ಗಣಿಯ ಸೆಟ್ಟು ಎದ್ದದ್ದು ಕೋಲಾರದ ಸಯನೈಡ್ ದಿಬ್ಬಗಳ ಬಳಿ. ಹೆಸರೇ ಅಲ್ಲಿಯದೆಂಬುದು ಸರಿ. ಹೆಸರು ಬೇರೆಯಾಗಿದ್ದರೂ ನಿರ್ವಾಹಕನು ಅದನ್ನೇ ಆರಿಸುತ್ತಿದ್ದನೇನೋ! ಅಲ್ಲಿಯ ಗಣಿ 2001ರಲ್ಲಿ ಮುಚ್ಚಿತು. ಬೆಂಗಳೂರು ಸುಮಾರು 100 ಕಿ.ಮೀ. ದುಡಿಯುತ್ತಿರುವ ಗಣಿಗೆ "ಸ್ವಲ್ಪ ನಿಲ್ಲಿಸಿ, ಶಾಟ್ ತೆಗೆಯುತ್ತೇವೆ" ಎನ್ನಲಾದೀತೆ? ಉಳಿದುದನ್ನು ಗ್ರಾಫಿಕ್ಸ್ ತುಂಬಿತು; 66ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಆ ಕೈಚಳಕಕ್ಕೆ ಮನ್ನಣೆಯೂ ಸಂದಿತು. 1973ರಲ್ಲಿ 'ಶೋಲೆ'ಯ ಹಳ್ಳಿ ರಾಮನಗರದ ಬಂಡೆಗಳ ಬುಡದಲ್ಲಿ ಎದ್ದುದಕ್ಕೂ ಬೆಂಗಳೂರಿನ ಸಾಮೀಪ್ಯ ಅನುಕೂಲವಾಗಿತ್ತು.

ಮಸ್ಕಿಯ ಬಂಡೆಗಳಿಗೆ ಇರುವ ಕೊರತೆ ರೂಪದ್ದಲ್ಲ, ದೂರದ್ದು. ಬೆಂಗಳೂರಿನಿಂದ ಸುಮಾರು 400 ಕಿ.ಮೀ.; ದಾರಿಯಲ್ಲಿ ಕಳೆಯುವ ದಿನಕ್ಕೂ ಲಾರಿಯ ಬಾಡಿಗೆ, ಕಾರ್ಮಿಕರ ಬಾಟಾ ತಪ್ಪದು. ಸಿಂಧನೂರಿಗೆ 2024ರಲ್ಲಿ ರೈಲು ಬಂದಿದೆ. ಜನರೇಟರ್ ವ್ಯಾನು ರೈಲು ಹತ್ತುವುದಿಲ್ಲ. ಆದರೆ ಒಂದು ಕ್ಯಾಮೆರಾ, ಎರಡು ಗೋಲ, ಒಂದು ಟಿಪ್ಪಣಿ ಪುಸ್ತಕ ಹಿಡಿದ ಇಬ್ಬರು ಹುಡುಗರು ಹತ್ತಬಹುದು. ಇಳಿದು, ಬಿಸಿಲೇರುವ ಮೊದಲೇ ಮಸ್ಕಿಯ ಬಸ್ಸು ಹಿಡಿದರೆ ಸಾಕು.